ಅರ್ಜಿ ಹಿಂಪಡೆದ ಊರಿಗೆ ಉಳಿಯುವ ದಾರಿಗಳು

ಹೈಕೋರ್ಟಿಗೆ ಹಾಕಿದ ರಿಟ್ ಅರ್ಜಿ ವಾಪಸಾಯಿತು ಎಂಬ ಸುದ್ದಿ ಊರು ಮುಟ್ಟುವಷ್ಟರಲ್ಲಿ ಅದರ ಅರ್ಥವೇ ಬದಲಾಗಿರುತ್ತದೆ. ಕಲಬುರಗಿ ಪೀಠದ ಕೋರ್ಟ್ ಹಾಲಿನಲ್ಲಿ ಅದು ಎರಡು ಮೂರು ಸಾಲಿನ ಆದೇಶ. ಅರ್ಜಿದಾರರ ವಕೀಲರು ಮೆಮೊ ಕೊಟ್ಟಿದ್ದಾರೆ, ಕಾನೂನಿನಲ್ಲಿರುವ ಬೇರೆ ಪರಿಹಾರ ಪಡೆಯುವ ಸ್ವಾತಂತ್ರ್ಯವನ್ನು ಕಾಯ್ದಿರಿಸಿ ಅರ್ಜಿಯನ್ನು ಹಿಂಪಡೆದದ್ದೆಂದು ವಜಾ ಮಾಡಲಾಗಿದೆ. ಊರ ಕಟ್ಟೆಯ ಮೇಲೆ ಅದೇ ಸುದ್ದಿ "ಕೇಸ್ ಸೋತ್ರಂತ, ದುಕಾನ್ ಇನ್ನ ಹಂಗೇ ಇರ್ತದ್ರಿ" ಎಂದಾಗಿರುತ್ತದೆ. ಅಂಗಡಿಯವನು ಅಂದು ಸಂಜೆ ಪಟಾಕಿ ಹಚ್ಚಿದರೂ ಆಶ್ಚರ್ಯವಿಲ್ಲ. ಪಟ್ಟಿ ಹಾಕಿ ವಕೀಲರ ಫೀ ಕೂಡಿಸಿದವರು ಮಾತಿಲ್ಲದೆ ಮನೆಗೆ ಹೋಗುತ್ತಾರೆ.

ಮದ್ಯದಂಗಡಿ ಲೈಸೆನ್ಸಿನ ವ್ಯಾಜ್ಯಗಳಲ್ಲಿ ಈ ಬಗೆಯ ಮುಕ್ತಾಯ ಬಹಳ ಸಾಮಾನ್ಯ. ಆದರೂ ಇದನ್ನು ಯಾರೂ ಬಿಡಿಸಿ ಹೇಳುವುದಿಲ್ಲ. ಗೆದ್ದ ತೀರ್ಪು ಪತ್ರಿಕೆಯಲ್ಲಿ ಬರುತ್ತದೆ, ಸೋತ ತೀರ್ಪೂ ಬರುತ್ತದೆ, ಹಿಂಪಡೆದ ಅರ್ಜಿ ಮಾತ್ರ ಎಲ್ಲೂ ಬರುವುದಿಲ್ಲ. ಬೀದರ್ ಜಿಲ್ಲೆಯ ನಿರ್ಣಾದಂಥ ಹೋಬಳಿ ಊರಿನಲ್ಲಿ ನಿಂತು ಈ ಪ್ರಶ್ನೆಯನ್ನು ಪೂರ್ತಿಯಾಗಿ ನೋಡಬೇಕು. ನಿರ್ಣಾ ಮೊದಲು ಹುಮನಾಬಾದ್ ತಾಲ್ಲೂಕಿನಲ್ಲಿತ್ತು, ಈಗ ಹೊಸ ಚಿಟಗುಪ್ಪ ತಾಲ್ಲೂಕಿನಲ್ಲಿದೆ. ಒಂದು ಕಡೆ ತೆಲಂಗಾಣದ ಜಹೀರಾಬಾದ್, ಇನ್ನೊಂದು ಕಡೆ ಬಸವಕಲ್ಯಾಣ ದಾಟಿದರೆ ಮಹಾರಾಷ್ಟ್ರದ ಉಮರ್ಗಾ. ಮೂರು ರಾಜ್ಯ, ಮೂರು ಅಬಕಾರಿ ಕಾನೂನು. ಕುಡಿದು ಬಂದವನ ಮನೆಯ ಕಥೆ ಮಾತ್ರ ಮೂರೂ ಕಡೆ ಒಂದೇ.

ಊರಿನವರು ನೇರ ಹೈಕೋರ್ಟಿಗೇ ಏಕೆ ಹೋಗುತ್ತಾರೆ? ತಹಸೀಲ್ದಾರರಿಗೆ ಮನವಿ ಕೊಟ್ಟಾಗಿರುತ್ತದೆ, ಅಬಕಾರಿ ಇನ್‌ಸ್ಪೆಕ್ಟರಿಗೆ ತಕರಾರು ಕೊಟ್ಟಾಗಿರುತ್ತದೆ, ಗ್ರಾಮ ಪಂಚಾಯತಿ ಠರಾವು ಮಾಡಿರುತ್ತದೆ. ಎಲ್ಲದಕ್ಕೂ ಸ್ವೀಕೃತಿಯ ಮೊಹರು ಬಿದ್ದಿರುತ್ತದೆ, ಉತ್ತರ ಮಾತ್ರ ಬಂದಿರುವುದಿಲ್ಲ. ಹೀಗಿರುವಾಗ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ಹೋದರೆ ಕನಿಷ್ಠ ನೋಟಿಸಾದರೂ ಹೋಗುತ್ತದೆಂಬ ನಂಬಿಕೆ. ಇನ್ನೊಂದು ಕಾರಣ ದೂರ. 2008ಕ್ಕೆ ಮೊದಲು ಬೀದರ್ ಜಿಲ್ಲೆಯವರಿಗೆ ಹೈಕೋರ್ಟ್ ಎಂದರೆ ಬೆಂಗಳೂರು, ರಾತ್ರಿಯಿಡೀ ಪಯಣ. 2008ರ ಜುಲೈಯಲ್ಲಿ ಕಲಬುರಗಿಗೆ ಸಂಚಾರಿ ಪೀಠ ಬಂತು, 2013ರ ಆಗಸ್ಟಿನಲ್ಲಿ ಅದು ಕಾಯಂ ಪೀಠವಾಯಿತು. ಹುಮನಾಬಾದಿನಿಂದ ಬೆಳಿಗ್ಗೆ ಬಸ್ ಹತ್ತಿದರೆ ಕೋರ್ಟ್ ಶುರುವಾಗುವ ಹೊತ್ತಿಗೆ ತಲುಪಬಹುದು.

ಇಲ್ಲೇ ಒಂದು ವಿಚಿತ್ರವಿದೆ. ಹೈಕೋರ್ಟು ಅರ್ಜಿದಾರರನ್ನು ಕೇಳುವ ಮೊದಲ ಪ್ರಶ್ನೆ, ಮೇಲ್ಮನವಿ ಮಾಡಿದಿರಾ ಎಂಬುದು. ಕರ್ನಾಟಕ ಅಬಕಾರಿ ಕಾಯ್ದೆ 1965ರ 61ನೇ ಕಲಮು ಮೇಲ್ಮನವಿಗೆ ಮೆಟ್ಟಿಲುಗಳನ್ನು ಹಾಕಿಕೊಟ್ಟಿದೆ. ಜಿಲ್ಲಾ ಮಟ್ಟದ ಆದೇಶದ ಮೇಲೆ ಅಬಕಾರಿ ಆಯುಕ್ತರಿಗೆ, ಆಯುಕ್ತರ ಆದೇಶದ ಮೇಲೆ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗೆ. ಆಯುಕ್ತರು ಕೂರುವುದು ಬೆಂಗಳೂರಿನಲ್ಲಿ, ನ್ಯಾಯಮಂಡಳಿಯ ಕೇಂದ್ರವೂ ಬೆಂಗಳೂರು. ಎಂದರೆ ಸುಲಭದ್ದೂ ಕೈಗೆಟುಕುವುದೂ ಎಂದು ಕಾನೂನು ಕರೆಯುವ ಪರಿಹಾರ ಏಳುನೂರು ಕಿಲೊಮೀಟರ್ ಆಚೆ ಇದೆ, ಅಸಾಧಾರಣ ಪರಿಹಾರ ಮಾತ್ರ ಒಂದು ಬಸ್ಸಿನ ದೂರದಲ್ಲಿದೆ. ಕಲ್ಯಾಣ ಕರ್ನಾಟಕದ ಕೂಲಿಕಾರ ಹೆಂಗಸರು ಹೈಕೋರ್ಟನ್ನು ಆರಿಸಿಕೊಂಡರೆ ಅದು ಕಾನೂನಿನ ಅಜ್ಞಾನ ಎನ್ನುವುದು ಸರಿಯಲ್ಲ. ಬಸ್ ಚಾರ್ಜು ಲೆಕ್ಕ ಹಾಕಿದವರ ವಿವೇಕ ಅದು.

ಆದರೂ ಕೋರ್ಟಿನ ಪ್ರಶ್ನೆಯಲ್ಲಿ ಹುರುಳಿದೆ. ಅಂಗಡಿ ಶಾಲೆಯಿಂದ ಎಷ್ಟು ಮೀಟರ್ ದೂರ, ಓಣಿಯಲ್ಲಿ ಯಾರ ಮನೆಗಳು ಹೆಚ್ಚು, ಪಂಚನಾಮಾ ಮಾಡಿದಾಗ ಯಾರಿದ್ದರು, ಇವೆಲ್ಲ ಸಂಗತಿಯ ಪ್ರಶ್ನೆಗಳು. ಪ್ರಮಾಣಪತ್ರಗಳ ಮೇಲೆ ನಡೆಯುವ ರಿಟ್ ವಿಚಾರಣೆಯಲ್ಲಿ ಟೇಪು ಹಿಡಿಯಲಾಗುವುದಿಲ್ಲ. ಹಾಗೆಂದು ಮೇಲ್ಮನವಿಯ ದಾರಿ ಇದ್ದರೆ ರಿಟ್ ಬಾಗಿಲು ಪೂರ್ತಿ ಮುಚ್ಚಿತು ಎಂದೂ ಅಲ್ಲ. 1998ರ ವರ್ಲ್‌ಪೂಲ್ ಕಾರ್ಪೊರೇಷನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅಪವಾದಗಳನ್ನು ಸ್ಪಷ್ಟಪಡಿಸಿದೆ. ಮೂಲಭೂತ ಹಕ್ಕಿನ ಜಾರಿಗಾಗಿ ಬಂದಿದ್ದರೆ, ಸಹಜ ನ್ಯಾಯದ ಉಲ್ಲಂಘನೆಯಾಗಿದ್ದರೆ, ಅಧಿಕಾರವೇ ಇಲ್ಲದವರು ಆದೇಶ ಮಾಡಿದ್ದರೆ, ಕಾಯ್ದೆಯ ಸಿಂಧುತ್ವವನ್ನೇ ಪ್ರಶ್ನಿಸಿದ್ದರೆ ಹೈಕೋರ್ಟು ನೇರವಾಗಿ ಕೇಳಬಹುದು. ಊರಿನವರ ಅರ್ಜಿ ಈ ಯಾವ ಖಾನೆಗೂ ಕೂರದಿದ್ದರೆ ನ್ಯಾಯಮೂರ್ತಿಗಳ ಮುಖ ನೋಡಿಯೇ ವಕೀಲರಿಗೆ ಗೊತ್ತಾಗುತ್ತದೆ. ವಜಾ ಮಾಡಿಸಿಕೊಳ್ಳುವ ಬದಲು ಹಿಂಪಡೆಯುತ್ತೇವೆ ಎನ್ನುತ್ತಾರೆ. ಗುಣದೋಷದ ಮೇಲೆ ವಜಾ ಆದರೆ ಅದೇ ವಿಷಯ ಮತ್ತೆ ಎತ್ತಲಾಗದು, ದರ್ಯಾವೊ ಪ್ರಕರಣದಲ್ಲಿ 1961ರಲ್ಲೇ ಸುಪ್ರೀಂ ಕೋರ್ಟು ಇದನ್ನು ಹೇಳಿದೆ. ಹಿಂಪಡೆದರೆ ವಿಷಯ ಜೀವಂತ ಉಳಿಯುತ್ತದೆ.

ಎಷ್ಟು ಜೀವಂತ ಎನ್ನುವುದು ಆದೇಶದ ಒಂದೆರಡು ಪದಗಳ ಮೇಲಿದೆ. ಇದನ್ನು ತೀರ್ಮಾನಿಸಿದ ಪ್ರಕರಣಕ್ಕೂ ಸಾರಾಯಿಗೂ ಸಂಬಂಧವಿಲ್ಲ, ಅದು ಬಸ್ ಪರ್ಮಿಟ್ಟಿನ ಜಗಳ. ಸರ್ಗುಜಾ ಟ್ರಾನ್ಸ್‌ಪೋರ್ಟ್ ಸರ್ವಿಸ್ ಎಂಬ ಸಾರಿಗೆ ಸಂಸ್ಥೆ ಮಧ್ಯಪ್ರದೇಶ ಹೈಕೋರ್ಟಿನಲ್ಲಿ ರಿಟ್ ಹಾಕಿ ಹಿಂಪಡೆದು, ಅದೇ ವಿಷಯಕ್ಕೆ ಎರಡನೇ ರಿಟ್ ಹಾಕಿತು. 1986ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟು ಅದನ್ನು ಒಪ್ಪಲಿಲ್ಲ. ತೀರ್ಪು ಬರೆದವರು ನಮ್ಮವರೇ, ಮಂಡ್ಯ ಜಿಲ್ಲೆಯ ಇ.ಎಸ್. ವೆಂಕಟರಾಮಯ್ಯ. 1989ರಲ್ಲಿ ಭಾರತದ ಮುಖ್ಯ ನ್ಯಾಯಮೂರ್ತಿಯಾದವರು, ಈಗ ಸುಪ್ರೀಂ ಕೋರ್ಟಿನಲ್ಲಿರುವ ಬಿ.ವಿ. ನಾಗರತ್ನ ಅವರ ತಂದೆ. ಸಿವಿಲ್ ದಾವೆ ಹಿಂಪಡೆಯುವವರು ಹೊಸ ದಾವೆ ಹೂಡಲು ಕೋರ್ಟಿನ ಅನುಮತಿ ಕೇಳಿಕೊಳ್ಳಬೇಕು ಎಂಬುದು ದಿವಾಣಿ ಪ್ರಕ್ರಿಯಾ ಸಂಹಿತೆಯ 23ನೇ ಆದೇಶದ ನಿಯಮ. ಆ ಸಂಹಿತೆ ರಿಟ್‌ಗೆ ನೇರವಾಗಿ ಅನ್ವಯಿಸದಿದ್ದರೂ ಅದರ ತತ್ವ ಅನ್ವಯಿಸುತ್ತದೆ, ಇಲ್ಲದಿದ್ದರೆ ಒಂದು ಪೀಠದ ಮನಸ್ಸು ಒಲಿಯಲಿಲ್ಲವೆಂದು ಹಿಂಪಡೆದು ಇನ್ನೊಂದು ಪೀಠದ ಬಾಗಿಲು ತಟ್ಟುವ ಚಟ ಬೆಳೆಯುತ್ತದೆ ಎಂಬುದು ತೀರ್ಪಿನ ತಿರುಳು. ಅದರ ಜೊತೆಗೇ, ಹೀಗೆ ಹಿಂಪಡೆದವರಿಗೆ ದಾವೆ ಮುಂತಾದ ಬೇರೆ ದಾರಿಗಳು ಮುಚ್ಚುವುದಿಲ್ಲ ಎಂದೂ ಹೇಳಿತು. ಹೇಬಿಯಸ್ ಕಾರ್ಪಸ್‌ನಂಥ ವ್ಯಕ್ತಿಸ್ವಾತಂತ್ರ್ಯದ ಅರ್ಜಿಗಳನ್ನು ಈ ನಿಯಮದಿಂದ ಹೊರಗಿಟ್ಟಿತು.

ಹಾಗಾಗಿ ಮೆಮೊ ಬರೆಯುವಾಗಲೇ ಎಚ್ಚರ ಬೇಕು. ಬರೀ "ಹಿಂಪಡೆಯುತ್ತೇವೆ" ಎಂದರೆ ಅದೇ ಕಾರಣಕ್ಕೆ ಮತ್ತೆ ಹೈಕೋರ್ಟಿಗೆ ಬರುವಂತಿಲ್ಲ. "ಬೇರೆ ಪ್ರಾಧಿಕಾರದ ಮುಂದೆ ಹೋಗುವ ಸ್ವಾತಂತ್ರ್ಯ" ಎಂದಿದ್ದರೆ ಮೇಲ್ಮನವಿ, ತಕರಾರು, ದಾವೆಗೆ ಹಾದಿ ಸ್ಪಷ್ಟ, ಆದರೆ ಅಲ್ಲಿ ಕೆಲಸವಾಗದಿದ್ದರೆ ಮರಳಿ ರಿಟ್ ಹಾಕುವಾಗ ಎದುರು ಪಕ್ಷದವರು ಸರ್ಗುಜಾ ತೀರ್ಪನ್ನು ಮುಂದೆ ಹಿಡಿಯುತ್ತಾರೆ. ಆಗ, ಇದು ಹಳೆಯ ಕಾರಣವಲ್ಲ, ಮೇಲ್ಮನವಿಯಲ್ಲಾದ ಹೊಸ ಆದೇಶವನ್ನು ಪ್ರಶ್ನಿಸುತ್ತಿದ್ದೇವೆ ಎಂದು ತೋರಿಸಬೇಕಾಗುತ್ತದೆ. ಅಗತ್ಯ ಬಿದ್ದರೆ ಹೊಸ ರಿಟ್ ಹಾಕುವ ಸ್ವಾತಂತ್ರ್ಯವೂ ಇರಲಿ ಎಂದು ಮೊದಲೇ ಕೇಳಿ ಬರೆಸಿಕೊಂಡರೆ ಈ ಜಗ್ಗಾಟವೇ ಇಲ್ಲ. ಊರಿನ ಕಡೆಯಿಂದ ಕೋರ್ಟಿಗೆ ಹೋದವರು ವಕೀಲ ಸಾಹೇಬರಿಗೆ ಇದೊಂದನ್ನು ಕೇಳದೆ ಮೆಮೊಗೆ ಒಪ್ಪಬಾರದು.

ಗಡುವಿನ ಸಂಗತಿಯೂ ಇದೆ. ಮೇಲ್ಮನವಿಗೆ ಕಾಲಮಿತಿ ಉಂಟು, ರಿಟ್ ಅರ್ಜಿ ಹೈಕೋರ್ಟಿನಲ್ಲಿ ಮಲಗಿದ ತಿಂಗಳುಗಳಲ್ಲಿ ಅದು ಮೀರಿರುತ್ತದೆ. ತಪ್ಪು ವೇದಿಕೆಯಲ್ಲಿ ಪ್ರಾಮಾಣಿಕವಾಗಿ ಕಳೆದ ಸಮಯವನ್ನು ಲೆಕ್ಕದಿಂದ ಬಿಡುವ ತತ್ವ ಲಿಮಿಟೇಶನ್ ಕಾಯ್ದೆಯ 14ನೇ ಕಲಮಿನಲ್ಲಿದೆ, ವಿಳಂಬ ಮನ್ನಿಸುವ ಅಧಿಕಾರ 5ನೇ ಕಲಮಿನಲ್ಲಿದೆ. ಆದರೆ ಅದು ತಾನಾಗಿ ಸಿಗುವುದಿಲ್ಲ, ಅರ್ಜಿ ಕೊಟ್ಟು, ರಿಟ್ ಹಾಕಿದ ಮತ್ತು ಹಿಂಪಡೆದ ದಿನಾಂಕ ತೋರಿಸಿ ಪಡೆಯಬೇಕು. ನಾನು ಗಮನಿಸಿದ ಮಟ್ಟಿಗೆ ಊರುಗಳು ಸೋಲುವುದು ಅರ್ಜಿ ಹಿಂಪಡೆದ ದಿನವಲ್ಲ, ಅದರ ಮುಂದಿನ ಕೆಲವು ವಾರಗಳಲ್ಲಿ. ಪಟ್ಟಿ ಹಣ ಖಾಲಿ, ಮುಂದಾಳುಗಳಲ್ಲಿ ಒಡಕು, ಮೃಗಶಿರಾ ಮಳೆ ಬಿದ್ದರೆ ಎಲ್ಲರೂ ತೊಗರಿ, ಸೋಯಾ ಬಿತ್ತನೆಗೆ. ಆದೇಶದ ಸರ್ಟಿಫೈಡ್ ಪ್ರತಿ ವಕೀಲರ ಕಚೇರಿಯ ಫೈಲಿನಲ್ಲೇ ಉಳಿಯುತ್ತದೆ.

ಹಿಂಪಡೆದ ಮೇಲೆ ಕೈಗೆತ್ತಿಕೊಳ್ಳಬೇಕಾದ ಮೊದಲ ಕೆಲಸ ಅಳತೆ. ಕರ್ನಾಟಕ ಅಬಕಾರಿ ಲೈಸೆನ್ಸುಗಳ ಸಾಮಾನ್ಯ ಷರತ್ತುಗಳ ನಿಯಮ 1967ರಲ್ಲಿ 5ನೇ ನಿಯಮ ಜಾಗದ ಬಗ್ಗೆ ಹೇಳುತ್ತದೆ. ಧಾರ್ಮಿಕ ಸ್ಥಳ, ಶಿಕ್ಷಣ ಸಂಸ್ಥೆ, ಆಸ್ಪತ್ರೆ, ಸರ್ಕಾರಿ ಅಥವಾ ಸ್ಥಳೀಯ ಸಂಸ್ಥೆಯ ಕಚೇರಿ ಇವುಗಳಿಂದ 100 ಮೀಟರ್ ಒಳಗೆ ಅಂಗಡಿಗೆ ಲೈಸೆನ್ಸ್ ಕೊಡುವಂತಿಲ್ಲ, ಪರಿಶಿಷ್ಟ ಜಾತಿ, ಪಂಗಡದವರೇ ಹೆಚ್ಚಾಗಿರುವ ವಸತಿ ಪ್ರದೇಶದಲ್ಲೂ ಕೊಡುವಂತಿಲ್ಲ. ಹೆದ್ದಾರಿಯ ಮಧ್ಯದಿಂದ 220 ಮೀಟರ್ ಎಂಬ ಮಿತಿಯೂ ಇದೇ ನಿಯಮದಲ್ಲಿದೆ.

ಈ 100 ಮೀಟರ್ ಹಕ್ಕಿ ಹಾರುವ ದಾರಿಯದಲ್ಲ. ಅಂಗಡಿ ಬಾಗಿಲಿನ ನಡುಮಧ್ಯದಿಂದ, ಜನ ಸಾಮಾನ್ಯವಾಗಿ ನಡೆದು ಹೋಗುವ ಹತ್ತಿರದ ಹಾದಿ ಹಿಡಿದು, ಶಾಲೆಗೆ ಕಂಪೌಂಡಿದ್ದರೆ ಹತ್ತಿರದ ಗೇಟಿನ ನಡುಮಧ್ಯಕ್ಕೆ, ಇಲ್ಲದಿದ್ದರೆ ಹತ್ತಿರದ ಬಾಗಿಲಿನ ನಡುಮಧ್ಯಕ್ಕೆ ಅಳೆಯಬೇಕು. ಇಡೀ ವ್ಯಾಜ್ಯ ಈ ಹಾದಿಯಲ್ಲಿ ಅಡಗಿರುತ್ತದೆ. ಅಂಗಡಿಯ ಹಿಂದಿನ ಗೋಡೆ ಶಾಲೆಯ ಆಟದ ಬಯಲಿಗೆ ತಾಗಿಕೊಂಡಿದ್ದರೂ ಬಾಗಿಲು ಮುಖ್ಯ ರಸ್ತೆಗಿದ್ದು, ಶಾಲೆಯ ಗೇಟು ಆಚೆ ಓಣಿಗಿದ್ದರೆ ಟೇಪು ಸುತ್ತು ಹಾಕಿ ನೂರು ದಾಟಿಬಿಡುತ್ತದೆ. ಮಕ್ಕಳು ದಿನಾ ನುಸುಳಿ ಬರುವ ಹಿಂದಿನ ಚಿಕ್ಕ ಗೇಟನ್ನು ನಕಾಶೆಯಲ್ಲಿ ತೋರಿಸಿದ್ದಾರೆಯೇ? ಎರಡು ಮನೆಗಳ ನಡುವಿನ ಸಂದಿಯನ್ನು ದಾರಿಯೆಂದು ಒಪ್ಪಿದ್ದಾರೆಯೇ? ಪಂಚನಾಮಾದಲ್ಲಿ "ಸುಮಾರು" ಎಂಬ ಪದವಿದೆಯೇ? ಟೇಪು ಹಿಡಿದವರು ಸರ್ವೆಯವರೋ ಅಬಕಾರಿ ಗಾರ್ಡೋ? ಪಂಚರಾಗಿ ಸಹಿ ಹಾಕಿದವರು ಊರಿನವರೋ, ಅಂಗಡಿ ಜಾಗದ ಮಾಲೀಕರ ಕಡೆಯವರೋ? ಒಬ್ಬ ಹೈಸ್ಕೂಲ್ ಮೇಷ್ಟ್ರು, ಒಂದು ಸರ್ವೆ ಟೇಪು, ಫೋನಿನಲ್ಲಿ ಒಂದು ವಿಡಿಯೊ ಇದ್ದರೆ ಊರು ತಾನೇ ಅಳೆದುಕೊಳ್ಳಬಹುದು. ಆ ಅಳತೆಗೆ ಕಾನೂನಿನ ಮುದ್ರೆ ಇಲ್ಲ ನಿಜ. ಆದರೆ ಜಂಟಿ ಸರ್ವೆ ಮಾಡಿಸಿ ಎಂದು ಜಿಲ್ಲಾಧಿಕಾರಿಗಳಿಗೆ ಕೊಡುವ ಅರ್ಜಿಗೆ ಅದು ಬೆನ್ನೆಲುಬಾಗುತ್ತದೆ. ಇಲಾಖೆಯ ನಕಾಶೆ ಮತ್ತು ಪಂಚನಾಮಾ ಮಾಹಿತಿ ಹಕ್ಕಿನಲ್ಲಿ ಹತ್ತು ರೂಪಾಯಿಯ ಅರ್ಜಿಗೆ ಸಿಗುವಂಥವು.

ಗುಡಿಯ ವಿಷಯ ಇನ್ನೂ ಸೂಕ್ಷ್ಮ. ಹನುಮಾನ್ ಗುಡಿ ನೂರಾರು ವರ್ಷದ್ದು ಎಂದು ಊರು ಹೇಳುತ್ತದೆ, ಕಾಗದ ಎಲ್ಲಿ ಎಂದು ಎದುರು ಪಕ್ಷ ಕೇಳುತ್ತದೆ. ಟ್ರಸ್ಟ್ ಇಲ್ಲದ, ಪಂಚಾಯತಿ ವಹಿಯಲ್ಲಿ ಹೆಸರಿಲ್ಲದ ಗುಡಿ, ದರ್ಗಾಗಳು ನಮ್ಮ ಕಡೆ ಎಷ್ಟೋ ಇವೆ. ಪರಿಶಿಷ್ಟರ ಓಣಿಯ ಕಾರಣ ಇದಕ್ಕಿಂತ ಗಟ್ಟಿ, ಏಕೆಂದರೆ ಮನೆಗಳ ಪಟ್ಟಿ ಪಂಚಾಯತಿಯಲ್ಲೇ ಇದೆ. ಅಚ್ಚರಿಯೆಂದರೆ ಅರ್ಜಿಗಳಲ್ಲಿ ಅದನ್ನು ಕೊನೆಯ ಪ್ಯಾರಾದಲ್ಲಿ ಒಂದು ಸಾಲಿಗೆ ಮುಗಿಸಿರುತ್ತಾರೆ. ಮುಂದೆ ನಿಂತು ಅರ್ಜಿ ಬರೆಸುವವರ ಮನೆ ಬೇರೆ ಓಣಿಯಲ್ಲಿರುವುದೇ ಇದಕ್ಕೆ ಕಾರಣ ಎಂದು ನನ್ನ ಗುಮಾನಿ.

ಎರಡನೆಯದು ಕ್ಯಾಲೆಂಡರು. ಕರ್ನಾಟಕದ ಅಬಕಾರಿ ವರ್ಷ ಜುಲೈ 1ಕ್ಕೆ ಶುರುವಾಗಿ ಜೂನ್ 30ಕ್ಕೆ ಮುಗಿಯುತ್ತದೆ. ಒಂದು ವರ್ಷದ ಲೈಸೆನ್ಸನ್ನು ಪ್ರಶ್ನಿಸಿದ ರಿಟ್ ವಿಚಾರಣೆಗೆ ಬರುವಷ್ಟರಲ್ಲಿ ಆ ಲೈಸೆನ್ಸಿನ ಆಯುಷ್ಯವೇ ತೀರಿ, ನವೀಕರಣವಾಗಿ, ಪ್ರಶ್ನಿಸಿದ ಕಾಗದ ಹಳೆಯದಾಗಿರುತ್ತದೆ. ಅನೇಕ ಅರ್ಜಿಗಳು ಹಿಂಪಡೆಯುವ ಸ್ಥಿತಿಗೆ ಬರಲು ಇದೂ ಒಂದು ಕಾರಣ. ಆದರೆ ಇದೇ ಸಂಗತಿ ಊರಿನ ಪರವಾಗಿಯೂ ದುಡಿಯಬಲ್ಲದು. ಪ್ರತಿ ನವೀಕರಣವೂ ಹೊಸ ಆದೇಶ. ಏಪ್ರಿಲ್, ಮೇ ತಿಂಗಳಲ್ಲೇ ಅಳತೆಯ ನಕಾಶೆ ಲಗತ್ತಿಸಿ, ಮನೆಪಟ್ಟಿ ಲಗತ್ತಿಸಿ, ಹೆಸರಿಟ್ಟ ತಕರಾರು ಕೊಟ್ಟರೆ ಇಲಾಖೆ ಅದನ್ನು ನೋಡದೆ ನವೀಕರಿಸಿತೆಂಬ ಹೊಸ ಕಾರಣ ಹುಟ್ಟುತ್ತದೆ. ತಕರಾರು ಯಾರಿಗೆ ಎಂಬಲ್ಲಿ ಗೊಂದಲ ಬೇಡ. ಜಿಲ್ಲಾಧಿಕಾರಿ ಬೇರೆ, ಅಬಕಾರಿ ಉಪ ಆಯುಕ್ತರು ಬೇರೆ, ಇಬ್ಬರಿಗೂ ಜನ ಡಿ.ಸಿ. ಸಾಹೇಬರು ಎನ್ನುತ್ತಾರೆ. ಮೂಲ ಆದೇಶದ ಕೆಳಗೆ ಯಾರ ಸಹಿಯಿದೆ ಎಂದು ನೋಡಿ, ಇಬ್ಬರಿಗೂ ಕೊಟ್ಟು ಎರಡು ಮೊಹರು ಹಾಕಿಸಿಕೊಳ್ಳುವುದು ಕ್ಷೇಮ. ಷರತ್ತು ಮುರಿದ ಲೈಸೆನ್ಸನ್ನು ಅಮಾನತು ಅಥವಾ ರದ್ದು ಮಾಡುವ ಅಧಿಕಾರ ಕಾಯ್ದೆಯ 29ನೇ ಕಲಮಿನಲ್ಲಿದೆ, ಅದಕ್ಕೆ ಜೂನ್ ಕಾಯಬೇಕಿಲ್ಲ.

ಹೆದ್ದಾರಿಯ ಕಥೆ ಹುಮನಾಬಾದಿನವರಿಗೆ ಹೇಳಬೇಕಾಗಿಲ್ಲ. ಪುಣೆ-ಹೈದರಾಬಾದ್ ಹೆದ್ದಾರಿ 65, ಬೀದರ್-ಕಲಬುರಗಿ ಕಡೆಯ ಹೆದ್ದಾರಿ 50, ಎರಡೂ ಅಲ್ಲಿ ಕೂಡುತ್ತವೆ. ತಮಿಳುನಾಡು ಸರ್ಕಾರ ಮತ್ತು ಕೆ. ಬಾಲು ನಡುವಿನ ಪ್ರಕರಣದಲ್ಲಿ 2016ರ ಡಿಸೆಂಬರ್ 15ರಂದು ಸುಪ್ರೀಂ ಕೋರ್ಟು ಹೆದ್ದಾರಿಯಿಂದ 500 ಮೀಟರ್ ಒಳಗೆ ಮದ್ಯ ಮಾರಾಟ ಬೇಡ ಎಂದಾಗ ಇಡೀ ದೇಶದ ಬಾರುಗಳು ತತ್ತರಿಸಿದವು. 2017ರ ಮಾರ್ಚ್ 31ಕ್ಕೆ, 20,000 ಅಥವಾ ಅದಕ್ಕಿಂತ ಕಡಿಮೆ ಜನಸಂಖ್ಯೆಯ ಊರುಗಳಿಗೆ ಅದು 220 ಮೀಟರ್‌ಗೆ ಇಳಿಯಿತು. ಜುಲೈಯಲ್ಲಿ ಚಂಡೀಗಢದ ಪ್ರಕರಣದಲ್ಲಿ ಪುರಸಭೆಗಳ ಮಿತಿಯೊಳಗೆ ಸಡಿಲವಾಯಿತು. 2018ರ ಫೆಬ್ರುವರಿ 23ಕ್ಕೆ ಪಂಚಾಯತಿ ಪ್ರದೇಶಗಳಲ್ಲೂ ಪರಿಸ್ಥಿತಿ ನೋಡಿ ರಾಜ್ಯವೇ ತೀರ್ಮಾನಿಸಲಿ ಎಂದಾಯಿತು. ಹದಿನಾಲ್ಕು ತಿಂಗಳಲ್ಲಿ ಇಷ್ಟು ಏರಿಳಿತ. ಈ ನಡುವೆ ಹೆದ್ದಾರಿ ಬದಿಯಿಂದ ಎದ್ದ ಅಂಗಡಿಗಳಲ್ಲಿ ಕೆಲವು ಒಳಗಿನ ಊರುಗಳ ಕಡೆ ಮುಖ ಮಾಡಿದವು. ಅಪಘಾತ ತಪ್ಪಿಸಲು ಬಂದ ಆದೇಶ ಬಾಟಲಿಯನ್ನು ಹೆದ್ದಾರಿಯಿಂದ ಓಣಿಗೆ ತಂದಿದ್ದನ್ನು ಯಾವ ಅಫಿಡವಿಟ್ಟೂ ಲೆಕ್ಕಕ್ಕೆ ತೆಗೆದುಕೊಂಡಂತಿಲ್ಲ.

ಅಂಗಡಿಗಳು ಹೀಗೆ ಊರಿಂದೂರಿಗೆ ತಿರುಗುವುದಕ್ಕೆ ಇನ್ನೊಂದು ಹಿನ್ನೆಲೆಯಿದೆ. 1992ರಿಂದ ಈಚೆಗೆ ಕರ್ನಾಟಕದಲ್ಲಿ ಚಿಲ್ಲರೆ ಅಂಗಡಿಯ ಸಿ.ಎಲ್-2, ಬಾರಿನ ಸಿ.ಎಲ್-9 ಹೊಸ ಲೈಸೆನ್ಸ್ ಕೊಡುವುದು ನಿಂತಿತು. ಇದ್ದ ಲೈಸೆನ್ಸೇ ಚಿನ್ನವಾಯಿತು. ಕೈ ಬದಲಾಯಿಸುತ್ತ, ಜಾಗ ಬದಲಾಯಿಸುತ್ತ ಅದು ಓಡಾಡುತ್ತದೆ. ಹಾಗಾಗಿ ನಮ್ಮ ಊರಿಗೆ ಅಂಗಡಿ ಕೊಟ್ಟರು ಎಂದು ಜನ ಹೇಳುವಾಗ ಎಷ್ಟೋ ಸಲ ನಡೆದಿರುವುದು ಸ್ಥಳಾಂತರ. ಪ್ರಶ್ನಿಸಬೇಕಾದ್ದು ಆ ಸ್ಥಳಾಂತರದ ಆದೇಶವನ್ನು, ಮೂಲ ಲೈಸೆನ್ಸನ್ನಲ್ಲ. ತಪ್ಪು ಕಾಗದ ಪ್ರಶ್ನಿಸಿ ಹಿಂಪಡೆದ ಅರ್ಜಿಗಳಿಗೆ ಕೊರತೆಯಿಲ್ಲ. ಜೊತೆಗೆ ಎಂ.ಎಸ್.ಐ.ಎಲ್. ಮಳಿಗೆಗಳಿವೆ, ಸರ್ಕಾರಿ ಕಂಪನಿಯವು, ಸಿ.ಎಲ್-11ಸಿ ಲೈಸೆನ್ಸಿನವು. ಅಲ್ಲಿ ಲೈಸೆನ್ಸ್ ಕೊಡುವವರೂ ಪಡೆಯುವವರೂ ಒಂದೇ ಮನೆಯವರು. 2025ರ ಬಜೆಟ್ಟಿನಲ್ಲಿ ಹಂಚಿಕೆಯಾಗದೆ ಉಳಿದ ಲೈಸೆನ್ಸುಗಳನ್ನು ಇ-ಹರಾಜಿಗೆ ಇಡುವ ಮಾತು ಬಂದಿತು, ಅಬಕಾರಿಯಿಂದ 40,000 ಕೋಟಿ ರೂಪಾಯಿ ಗುರಿಯೂ ಅದೇ ಬಜೆಟ್ಟಿನದು. ಈ ಗುರಿ ಮುಟ್ಟಿಸಬೇಕಾದ ಇಲಾಖೆಯ ಮುಂದೆಯೇ ಊರಿನ ತಕರಾರು ವಿಚಾರಣೆಗೆ ಬರುತ್ತದೆ. ಪರ್ಯಾಯ ಪರಿಹಾರವಿದೆ, ಅಲ್ಲಿಗೆ ಹೋಗಿ ಎಂದು ಕೋರ್ಟು ಹೇಳುವಾಗ ಈ ಹಿತಾಸಕ್ತಿಯ ತೊಡಕನ್ನೂ ಒಂದು ಸಾಲಿನಲ್ಲಿ ಗಮನಿಸಿದರೆ ಚೆನ್ನಾಗಿತ್ತು.

ಅಂಗಡಿಯವರೂ ಅರ್ಜಿ ಹಿಂಪಡೆಯುತ್ತಾರೆ, ಇದನ್ನು ಮರೆಯಬಾರದು. ಲೈಸೆನ್ಸ್ ಅಮಾನತಾದರೆ, ಸ್ಥಳಾಂತರ ನಿರಾಕರಿಸಿದರೆ ಅವರೂ ಮೊದಲು ಓಡುವುದು ರಿಟ್‌ಗೆ. ಅವರಿಗೂ ಅದೇ ಪ್ರಶ್ನೆ, ಅದೇ 61ನೇ ಕಲಮು. ಅವರ ಕೈಯಲ್ಲಿ ಮೂಲಭೂತ ಹಕ್ಕಿನ ಅಸ್ತ್ರವೂ ಇಲ್ಲ. ಬೆಂಗಳೂರಿನ ಖೋಡೆ ಡಿಸ್ಟಿಲರೀಸ್ ಕರ್ನಾಟಕ ಸರ್ಕಾರದ ವಿರುದ್ಧ ಹೂಡಿದ ಪ್ರಕರಣದಲ್ಲಿ 1994ರಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ, ಮದ್ಯದ ವ್ಯಾಪಾರ ಮೂಲಭೂತ ಹಕ್ಕಲ್ಲ, ರಾಜ್ಯ ಬೇಕೆಂದರೆ ಪೂರ್ತಿ ನಿಷೇಧಿಸಬಹುದು, ತಾನೇ ಏಕಸ್ವಾಮ್ಯ ನಡೆಸಬಹುದು ಎಂದಿತು. ಆದರೆ ಅಂಗಡಿಯವನಿಗೆ ಹಕ್ಕಿಲ್ಲ ಎಂಬುದರಿಂದ ಊರಿಗೆ ಹಕ್ಕು ಬಂದಂತಾಗುವುದಿಲ್ಲ. ಹಕ್ಕೆಲ್ಲ ರಾಜ್ಯದ ಬಳಿ ಉಳಿಯಿತು, ಅಷ್ಟೆ. ಪಾನನಿಷೇಧಕ್ಕೆ ಯತ್ನಿಸಬೇಕೆನ್ನುವ 47ನೇ ವಿಧಿ ನಿರ್ದೇಶಕ ತತ್ವಗಳಲ್ಲಿದೆ. ಅದನ್ನು ಮಾತ್ರ ಆಧಾರವಾಗಿಟ್ಟ ಅರ್ಜಿ ಬಹಳ ದೂರ ಹೋಗುವುದಿಲ್ಲ.

ಇನ್ನು ಕೆಲವು ಅರ್ಜಿಗಳ ಹಿಂದೆ ಊರಿನ ಹೆಸರು ಮುಂದಿಟ್ಟುಕೊಂಡ ಪಕ್ಕದ ಬಾರಿನವನಿರುತ್ತಾನೆ. ಕೋರ್ಟಿಗೂ ಇದು ಗೊತ್ತು. ಪ್ರತಿಸ್ಪರ್ಧಿ ವ್ಯಾಪಾರಿ ಇಂಥ ವಿಷಯದಲ್ಲಿ ಬಾಧಿತನೆನಿಸುವುದಿಲ್ಲ ಎಂದು 1975ರ ಕೊನೆಯಲ್ಲಿ ಸಿನಿಮಾ ಥಿಯೇಟರಿನ ಪ್ರಕರಣವೊಂದರಲ್ಲಿ, ಜಸ್‌ಭಾಯಿ ಮೋತಿಭಾಯಿ ದೇಸಾಯಿ ಅವರದು, ಸುಪ್ರೀಂ ಕೋರ್ಟು ಹೇಳಿತು. ಅದಕ್ಕೇ ಶಾಲಾಭಿವೃದ್ಧಿ ಸಮಿತಿಯವರು, ಅಂಗಡಿ ಎದುರು ಮನೆಯವರು, ಓಣಿಯ ಹೆಂಗಸರು ತಮ್ಮ ಹೆಸರಿನಲ್ಲೇ ತಕರಾರು ಕೊಡುವುದು ಮುಖ್ಯ.

ಲೈಸೆನ್ಸ್ ಸರಿಯಾಗಿಯೇ ಇದೆ, ಅಳತೆಯೂ 100 ದಾಟಿದೆ, ಆದರೆ ಸಂಜೆಯಾದರೆ ಹೆಂಗಸರು ನೀರಿಗೆ ಹೋಗುವಂತಿಲ್ಲ ಎನ್ನುವ ಊರಿಗೆ ಬೇರೆ ದಾರಿ ಬೇಕು. ಸಾರ್ವಜನಿಕ ಉಪದ್ರವ ತೆಗೆಯಲು ಷರತ್ತಿನ ಆದೇಶ ಮಾಡುವ ಅಧಿಕಾರ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರಿಗೆ ಹಿಂದೆ ಸಿ.ಆರ್.ಪಿ.ಸಿ. 133ರಲ್ಲಿತ್ತು, 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 152ರಲ್ಲಿದೆ. 1980ರ ರತ್ಲಾಂ ಪುರಸಭೆಯ ಪ್ರಕರಣದಲ್ಲಿ ಕೃಷ್ಣ ಅಯ್ಯರ್ ಅವರು ಈ ಕಲಮಿಗೆ ಹಲ್ಲು ಕೊಟ್ಟರು. ಅಲ್ಲಿನ ತೆರೆದ ಚರಂಡಿಗೆ ಆಲ್ಕೋಹಾಲ್ ಕಾರ್ಖಾನೆಯ ಹೊಲಸೂ ಸೇರುತ್ತಿತ್ತು. ಸಾರ್ವಜನಿಕ ಶಾಂತಿಗಾಗಿ ಅಂಗಡಿ ಮುಚ್ಚಿಸುವ ಅಬಕಾರಿ ಕಾಯ್ದೆಯ 21ನೇ ಕಲಮನ್ನು ಚುನಾವಣೆ, ಗಣೇಶ ಹಬ್ಬಗಳಲ್ಲಿ ಜನ ನೋಡಿಯೇ ಇದ್ದಾರೆ. ಅದು ತಾತ್ಕಾಲಿಕ, ನಿಜ, ಆದರೆ ಜಾತ್ರೆಗೆ, ಪರೀಕ್ಷೆಯ ದಿನಗಳಿಗೆ ಕೇಳಬಾರದೆಂದಿಲ್ಲ. ಇಬ್ಬರು ಅಥವಾ ಹೆಚ್ಚು ಮಂದಿ ಸೇರಿ ಕೋರ್ಟಿನ ಅನುಮತಿ ಪಡೆದು ಉಪದ್ರವದ ವಿರುದ್ಧ ದಾವೆ ಹೂಡುವ ಅವಕಾಶ ದಿವಾಣಿ ಸಂಹಿತೆಯ 91ನೇ ಕಲಮಿನಲ್ಲಿದೆ. ಇದಕ್ಕೆ ಕಲಬುರಗಿಗೂ ಹೋಗಬೇಕಿಲ್ಲ.

ಗಡಿಯಾಚೆ ನೋಡಿದರೆ ಹೊಟ್ಟೆಕಿಚ್ಚಾಗುತ್ತದೆ. ಮಹಾರಾಷ್ಟ್ರದಲ್ಲಿ 2008ರ ಆದೇಶದಂತೆ ಗ್ರಾಮದ ಮಹಿಳಾ ಮತದಾರರಲ್ಲಿ ಅಥವಾ ಒಟ್ಟು ಮತದಾರರಲ್ಲಿ ಶೇ 25ರಷ್ಟು ಮಂದಿ ಸಹಿ ಮಾಡಿ ಕೊಟ್ಟರೆ ಗುಪ್ತ ಮತದಾನ ನಡೆಸಬೇಕು. ಮತಪತ್ರದಲ್ಲಿ ನಿಂತ ಬಾಟಲಿ, ಮಲಗಿದ ಬಾಟಲಿ. ಶೇ 50ಕ್ಕಿಂತ ಹೆಚ್ಚು ಮಂದಿ ಮಲಗಿದ ಬಾಟಲಿಗೆ ಒತ್ತಿದರೆ ಅಂಗಡಿ ಬಂದ್. ಉಮರ್ಗಾ ಕಡೆಗೆ ಮಗಳನ್ನು ಕೊಟ್ಟ ಬಸವಕಲ್ಯಾಣದ ತಾಯಿಗೆ ಇಲ್ಲದ ಮತ ಆ ಮಗಳಿಗೆ ಇದೆ. ಆ ವ್ಯವಸ್ಥೆಯೂ ಸುಲಭದ್ದಲ್ಲ. ಸಹಿ ಪರಿಶೀಲನೆಯಲ್ಲಿ ಹೆಸರು ಹಾರಿಹೋಗುತ್ತವೆ, ದುಡಿಯಲು ಗುಳೆ ಹೋದವರ ಮತವೂ ಒಟ್ಟು ಲೆಕ್ಕದಲ್ಲಿ ಸೇರಿ ಅರ್ಧ ದಾಟುವುದು ಕಷ್ಟವಾಗುತ್ತದೆ. ಆದರೂ ಅಲ್ಲಿ ಪ್ರಶ್ನೆ ಊರು ಬೇಡ ಎನ್ನುತ್ತದೆಯೇ ಎಂಬುದು. ಇಲ್ಲಿ ಅದೇ ಪ್ರಶ್ನೆ 97 ಮೀಟರೋ 103 ಮೀಟರೋ ಎಂದಾಗುತ್ತದೆ. ತೆಲಂಗಾಣದಲ್ಲಿ ಎರಡು ವರ್ಷಕ್ಕೊಮ್ಮೆ ಚೀಟಿ ಎತ್ತುತ್ತಾರೆ, ವಾಪಸ್ ಬರದ ಅರ್ಜಿ ಶುಲ್ಕವೇ 2023ರಲ್ಲಿ 2 ಲಕ್ಷ ರೂಪಾಯಿ ಇತ್ತು. ಅಲ್ಲಿಯೂ ಊರಿಗೆ ಬಾಯಿಲ್ಲ. ಬುಡಕಟ್ಟು ಪ್ರದೇಶಗಳ ಗ್ರಾಮಸಭೆಗೆ ಮದ್ಯ ನಿಯಂತ್ರಿಸುವ ಅಧಿಕಾರ ಕೊಡುವ ಪೆಸಾ ಕಾಯ್ದೆ ಐದನೇ ಅನುಸೂಚಿಯ ಪ್ರದೇಶಗಳಿಗೆ ಮಾತ್ರ, ಕರ್ನಾಟಕದಲ್ಲಿ ಅಂಥ ಪ್ರದೇಶವೇ ಇಲ್ಲ. 5ನೇ ನಿಯಮದ ಪಟ್ಟಿಯಲ್ಲಿ ಗುಡಿ ಇದೆ, ಶಾಲೆ ಇದೆ, ಕಚೇರಿ ಇದೆ, ಗ್ರಾಮಸಭೆಯ ಒಪ್ಪಿಗೆ ಇಲ್ಲ. ಆ ಒಂದು ಸಾಲು ಸೇರಿಸಲು ವಿಧಾನಸಭೆಯಲ್ಲಿ ಮಸೂದೆ ಬೇಕಿಲ್ಲ, ನಿಯಮ ತಿದ್ದುಪಡಿಯ ಅಧಿಸೂಚನೆ ಸಾಕು.

ಇದಕ್ಕಿಂತ ದೊಡ್ಡದನ್ನು, ಪೂರ್ತಿ ನಿಷೇಧವನ್ನೇ ಕೇಳಿ 2019ರ ಜನವರಿಯಲ್ಲಿ ರಾಯಚೂರು ಮೊದಲಾದ ಜಿಲ್ಲೆಗಳ ಸಾವಿರಾರು ಹೆಂಗಸರು ಮದ್ಯ ನಿಷೇಧ ಆಂದೋಲನದ ಹೆಸರಿನಲ್ಲಿ ಚಿತ್ರದುರ್ಗದಿಂದ ಬೆಂಗಳೂರಿಗೆ ಕಾಲ್ನಡಿಗೆಯಲ್ಲಿ ಬಂದರು. ದಾರಿಯಲ್ಲಿ ಒಬ್ಬ ತಾಯಿ ಅಪಘಾತದಲ್ಲಿ ತೀರಿಕೊಂಡರು. ನೆಲ್ಲೂರು ಜಿಲ್ಲೆಯ ದೂಬಗುಂಟದಲ್ಲಿ ಹೆಂಗಸರು ಸಾರಾಯಿ ಅಂಗಡಿ ಮುಚ್ಚಿಸಿದ್ದರಿಂದ ಹಬ್ಬಿದ ಚಳವಳಿ 1995ರಲ್ಲಿ ಇಡೀ ಆಂಧ್ರಕ್ಕೆ ನಿಷೇಧ ತಂದಿತ್ತು, 1997ರಲ್ಲಿ ಅದು ಹೋಯಿತು. ಪೂರ್ತಿ ನಿಷೇಧದ ಬಗ್ಗೆ ನನಗೆ ದೊಡ್ಡ ಭರವಸೆಯಿಲ್ಲ. ಹೆಂಡ ಮಾರುವುದೇ ಕಸುಬಾಗಿದ್ದ ಮಾರಯ್ಯ ಹನ್ನೆರಡನೇ ಶತಮಾನದ ಕಲ್ಯಾಣದಲ್ಲಿ ಶರಣನಾಗಿ ವಚನ ಬರೆದ ನಾಡಿದು. ಆ ಪರಿವರ್ತನೆ ಪೊಲೀಸ್ ಕೇಸಿನಿಂದ ಆದದ್ದಲ್ಲ. ಆದರೆ ತನ್ನ ಓಣಿಯಲ್ಲಿ ಅಂಗಡಿ ಬೇಕೋ ಬೇಡವೋ ಎಂದು ಹೇಳುವ ಹಕ್ಕು ನಿಷೇಧಕ್ಕಿಂತ ತೀರ ಚಿಕ್ಕ ಬೇಡಿಕೆ.

ಲೈಸೆನ್ಸ್ ಇರುವ ಅಂಗಡಿಗಿಂತ ಇಲ್ಲದ ಅಂಗಡಿಯೇ ಊರಿಗೆ ಹೆಚ್ಚು ಕಾಟ ಎನ್ನುವುದು ಈ ಭಾಗದ ಪ್ರತಿ ಹೆಂಗಸಿಗೂ ಗೊತ್ತು. 2007ರ ಜುಲೈ 1ರಿಂದ ಸಾರಾಯಿ ನಿಂತ ಮೇಲೆ ಕಿರಾಣಿ ಅಂಗಡಿ, ಚಹಾ ಹೋಟೆಲಿನ ಗಲ್ಲಾ ಕೆಳಗೆ 90 ಎಂ.ಎಲ್. ಪೇಪರ್ ಪ್ಯಾಕೆಟ್ ಬಂದು ಕೂತಿತು. ಪ್ರಶ್ನಿಸಲು ಲೈಸೆನ್ಸೇ ಇಲ್ಲದ ಮೇಲೆ ರಿಟ್ ಯಾವುದರ ಮೇಲೆ ಹಾಕುವುದು? ಪೊಲೀಸರು ಅಬಕಾರಿ ಕಾಯ್ದೆಯ 32, 34ನೇ ಕಲಮುಗಳಡಿ ಕೇಸು ಮಾಡುತ್ತಾರೆ, ಸಿಕ್ಕಿಬೀಳುವವನು ಕೈಚೀಲದಲ್ಲಿ ಹತ್ತಿಪ್ಪತ್ತು ಪ್ಯಾಕೆಟ್ ಇಟ್ಟುಕೊಂಡು ಕೂತ ಬಡವ. ಆ ಪ್ಯಾಕೆಟ್ಟುಗಳು ಹೊರಟದ್ದು ಮಾತ್ರ ಲೈಸೆನ್ಸಿನ ಅಂಗಡಿಯಿಂದಲೇ, ಒಬ್ಬರಿಗೆ ಇಷ್ಟೇ ಎಂಬ ಮಿತಿ ಮೀರಿ, ಬಾಕ್ಸ್ ಲೆಕ್ಕದಲ್ಲಿ. ಕರ್ನಾಟಕ ರಾಜ್ಯ ಪಾನೀಯ ನಿಗಮ 2003ರಿಂದ ಪ್ರತಿ ಅಂಗಡಿಗೂ ಡಿಪೊದಿಂದಲೇ ಸರಕು ಕೊಡುತ್ತದೆ, ಯಾವ ಅಂಗಡಿ ಯಾವ ತಿಂಗಳು ಎಷ್ಟು ಬಾಕ್ಸ್ ಎತ್ತಿತು ಎಂಬ ಲೆಕ್ಕ ಅಲ್ಲಿದೆ. ಊರಿನ ಜನಸಂಖ್ಯೆಯ ಪಕ್ಕದಲ್ಲಿ ಆ ಲೆಕ್ಕವನ್ನು ಇಟ್ಟು, ಈ ಸರಕು ಯಾರು ಕುಡಿದರು ಎಂದು ಕೇಳುವ ತಕರಾರು ಅರ್ಜಿ ಇದುವರೆಗೆ ನನ್ನ ಕಣ್ಣಿಗೆ ಬಿದ್ದಿಲ್ಲ. ರಿಟ್ ಹಿಂಪಡೆದ ಊರು ನವೀಕರಣದ ತಕರಾರಿಗೆ ಲಗತ್ತಿಸಲು ನಕಾಶೆಯ ಜೊತೆ ಇದನ್ನೂ ಮಾಹಿತಿ ಹಕ್ಕಿನಲ್ಲಿ ತರಿಸಿಕೊಳ್ಳಬಹುದು. ಉತ್ತರಕ್ಕೆ ಮೂವತ್ತು ದಿನ ಬೇಕು, ಅರ್ಜಿ ಏಪ್ರಿಲಿನಲ್ಲೇ ಹೋಗಬೇಕು.